ಆನಿಕೆ ಸೊನ್ನೆ ಎಂದು ಬರೆದವಳ ಕಾಗದ

ಗದಗ
ಜ್ಯೇಷ್ಠ ಬಹುಳ ಮೂವತ್ತೇಳು, ಇಸವಿ ಎರಡು ಸಾವಿರದ ಮುನ್ನೂರ ತೊಂಬತ್ತೊಂದು

ಗಣಿತದ ಮಾಸ್ತರರಾದ ಶ್ರೀ ಅಡಿವೆಪ್ಪನವರಿಗೆ, ಇನ್ನೂ ಹುಟ್ಟದ ನಿಂಬೆವ್ವ ಮಾಡುವ ನಮಸ್ಕಾರಗಳು.

ಬಹುಳಕ್ಕೆ ಹದಿನೈದೇ ತಿಥಿ, ಈ ಮೂವತ್ತೇಳು ಎಲ್ಲಿಂದ ಬಂತು ಎಂದು ನೀವು ಗದರಬಹುದು. ಕ್ಷಮಿಸಬೇಕು, ಮುಂದೆ ಬರುವ ಮಾತುಗಳು ಇನ್ನೂ ವಿಚಿತ್ರವಾಗಿವೆ. ನಮ್ಮಲ್ಲಿ ಆಷಾಢ ಮಾಸವಿಲ್ಲ. ಅಳಿಕೆ ಕಚೇರಿಯವರು ಅದು ಬೇಕೇ ಎಂದು ಕೇಳಿದಾಗ ಊರಿಗೆ ಊರೇ "ಮದುವಿ ಇಲ್ಲ, ಮುಂಜಿವಿ ಇಲ್ಲ, ಯಾಕ ಬೇಕ್ರಿ ಅದು" ಎಂದಿತು. ಅಳಿಸಿದರು. ಅದರ ದಿನಗಳು ಮಾತ್ರ ಹೋಗಲೊಲ್ಲದೆ ಜ್ಯೇಷ್ಠದ ಬಾಲಕ್ಕೆ ಅಂಟಿಕೊಂಡಿವೆ. ಆ ದಿನಗಳಲ್ಲಿ ಹೊಸ ಸೊಸೆಯರು ಚೀಲ ತುಂಬಿಕೊಂಡು ಹೊಸ್ತಿಲ ಬಳಿ ನಿಲ್ಲುತ್ತಾರೆ. ಎಲ್ಲಿಗೆ ಹೊರಟಿದ್ದೇವೆಂದು ಅವರಿಗೇ ಗೊತ್ತಿರುವುದಿಲ್ಲ.

ಇದೆಲ್ಲ ನೀವೀಗ ಶಾಲೆಯ ಹಳೆಯ ನೋಟುಬುಕ್ಕಿನ ಹಿಂದಿನ ಹಾಳೆಗಳಲ್ಲಿ ಬರೆಯುತ್ತಿರುವ ಪ್ರಮೇಯದ ಫಲ. ಒಂದು ವಸ್ತುವಿನ ಮೇಲೆ ಉಳಿದ ಬದುಕು ಎಷ್ಟು ಒರಗಿದೆಯೋ ಅದನ್ನು ನೀವು ಆನಿಕೆ ಎಂದು ಕರೆದಿರಿ. ಆನಿಕೆ ಸೊನ್ನೆಯಾದರೆ ಆ ವಸ್ತುವನ್ನು ಜಗತ್ತಿನಿಂದಲೇ ಅಳಿಸಬಹುದು, ಬೇರೇನೂ ಅಲುಗದು ಎಂದು ಸಾಧಿಸಿದಿರಿ. ನಿಮ್ಮನ್ನು ಬಯ್ಯುವ ಮನಸ್ಸಿಲ್ಲ. ವಿಷದ ಗುಡ್ಡಗಳು ಹೋದವು, ಸತ್ತ ಕೆರೆಗಳು ಹೋದವು. ಅದಕ್ಕೆ ಸಾಕ್ಷಿಗಳಾಗಿದ್ದ ನಮ್ಮ ಮುತ್ತಜ್ಜಿಯರು ನಿಮ್ಮ ಹೆಸರು ಹೇಳಿ ದೀಪ ಹಚ್ಚಿದ್ದರು. ಆಮೇಲೆ ಸರದಿ ಬಂದದ್ದು ಮನುಷ್ಯರ ನೋವುಗಳಿಗೆ.

ನಾನು ಅಳಿಕೆ ಕಚೇರಿಯಲ್ಲಿ ಸಾಕ್ಷಿ. ಅಳಿಸಿದ್ದು ಎಲ್ಲರ ನೆನಪಿನಿಂದಲೂ ಹೋಗುತ್ತದೆ, ಸಾಕ್ಷಿಯ ನೆನಪಿನಿಂದ ಹೋಗುವುದಿಲ್ಲ. ಏನು ಹೋಯಿತೆಂದು ಒಬ್ಬರಿಗಾದರೂ ಗೊತ್ತಿಲ್ಲದಿದ್ದರೆ ಸರಿಯಾಗಿ ಹೋಯಿತೆಂದು ರುಜು ಹಾಕುವವರು ಯಾರು? ಬೆಳಗ್ಗೆ ಮನೆಮನೆಗೆ ಹೋಗುತ್ತೇನೆ, ಇದು ನಿಮಗೆ ಬೇಕೇ ಎಂದು ಕೇಳುತ್ತೇನೆ, ಬೇಡವೆಂದರೆ ಸೊನ್ನೆ ಬರೆಯುತ್ತೇನೆ. ಮೂವತ್ತೆಂಟು ವರ್ಷವಾಯಿತು. ಇಲ್ಲದ ಓಣಿಗಳು, ಇಲ್ಲದ ಹಾಡುಗಳು, ಎಲ್ಲ ನನ್ನ ತಲೆಯಲ್ಲೇ ಇವೆ. ಸಾಕಾಗಿದೆ, ಮಾಸ್ತರರೆ.

ನಿಮ್ಮ ಪ್ರಮೇಯದ ಮೂರನೆಯ ಸಾಲಿನಲ್ಲಿ "ಸಂಬಂಧಪಟ್ಟವರನ್ನು ಕೇಳತಕ್ಕದ್ದು" ಎಂದಿದೆ. ಎಷ್ಟು ಸಲ ಎಂದು ನೀವು ಬರೆಯಲಿಲ್ಲ. ನೀವು ಈ ಸೀಮೆಯವರು, ಬರೆಯುವ ಅಗತ್ಯ ಕಂಡಿರಲಿಕ್ಕಿಲ್ಲ. ಊಟಕ್ಕೆ ಏಳಿ ಎಂದರೆ ನಾವು ಮೊದಲು "ಈಗ ಆತ್ರಿ" ಎನ್ನುತ್ತೇವೆ, ಎರಡನೆಯ ಸಲ "ನಿಮಗ್ಯಾಕ ತ್ರಾಸ" ಎನ್ನುತ್ತೇವೆ, ಮೂರನೆಯ ಸಲಕ್ಕೆ ಕೈ ತೊಳೆಯುತ್ತೇವೆ. ಹಸಿವು ಮೊದಲಿನಿಂದಲೂ ಇರುತ್ತದೆ. ಕಚೇರಿಯ ನಿಯಮ ಬರೆದವರಿಗೆ ಒಂದು ಸಲ ಕೇಳಿದರೆ ಸಾಕೆನಿಸಿತು. ಮೊದಲ ಬೇಡ ಎಂಬುದೇ ಸೊನ್ನೆಯಾಯಿತು.

ನನ್ನ ಅಕ್ಕ ಬಸಲಿಂಗವ್ವನಿಗೆ ಒಬ್ಬಳು ಮಗಳಿದ್ದಳು. ನಾಲ್ಕು ವರ್ಷದವಳು ಜ್ವರ ಬಂದು ತೀರಿಕೊಂಡಳು. ಎರಡು ವರ್ಷ ಅಕ್ಕ ಅತ್ತಳು. ಕಚೇರಿ ಆ ಮಗುವಿನ ಕಡತ ತೆರೆದು ನನ್ನನ್ನೇ ಕಳಿಸಿತು. ಅಕ್ಕ ಚಹಾ ತಂದಿಟ್ಟಳು. ಆ ನೆನಪು ಬೇಕೇನೇ ಎಂದು ಕೇಳಿದೆ. "ಬ್ಯಾಡ ಬಿಡವಾ, ನನ್ನ ಸಲುವಾಗಿ ನಿಮಗೆಲ್ಲಾ ಯಾಕ ತ್ರಾಸ" ಎಂದಳು. ಒಂದು ರೊಟ್ಟಿಗೂ ಎರಡು ಸಲ ಬೇಡ ಎನ್ನುವ ಅಕ್ಕ ಅವಳು. ನನಗೆ ಗೊತ್ತಿತ್ತು. ಆದರೂ ಸೊನ್ನೆ ಬರೆದೆ, ಏಕೆಂದರೆ ಅವಳ ಅಳು ಕೇಳಿ ಕೇಳಿ ನಾನೇ ಬೇಸತ್ತಿದ್ದೆ. ಮಾಡಿದ್ದುಣ್ಣೋ ಮಹಾರಾಯ ಎನ್ನುತ್ತಾರೆ, ಅಂದಿನಿಂದ ಉಣ್ಣುತ್ತಿದ್ದೇನೆ.

ಮಗುವಿನ ಫೋಟೋ ಹೋಯಿತು, ಅಂಗಿಗಳು ಹೋದವು, ಹೆಸರೂ ಹೋಯಿತು. ಅಕ್ಕನ ಕೈ ಮಾತ್ರ ಮರೆಯಲಿಲ್ಲ. ದಿನಾ ಬೆಳಗ್ಗೆ ಹಿಡಿ ಅನ್ನಕ್ಕೆ ಹಾಲು ಹಾಕಿ ನುಣ್ಣಗೆ ಕಲಸುತ್ತಾಳೆ, ಸಣ್ಣ ಸಣ್ಣ ತುತ್ತು ಕಟ್ಟುತ್ತಾಳೆ, ತಟ್ಟೆ ಹಿಡಿದು ಪಡಸಾಲೆಗೆ ಬಂದು ನಿಲ್ಲುತ್ತಾಳೆ. "ಯಾರಿಗೆ ಕಲಸಿದ್ನೋ ಏನೋ, ತಿಳಿವಲ್ದು" ಎಂದು ನಕ್ಕು ತಾನೇ ತಿನ್ನುತ್ತಾಳೆ. ಮೂವತ್ತೊಂದು ವರ್ಷ ಇದನ್ನು ನೋಡಿದ್ದೇನೆ.

ಈಗ ಕಚೇರಿ ಇದನ್ನೂ ಶೇಷವೆಂದು ಗುರುತಿಸಿದೆ. ಅಳಿಸಿದ ಮೇಲೂ ಉಳಿದುಬಿಟ್ಟ ಚೂರಿಗೆ ನಮ್ಮಲ್ಲಿ ಹಾಗೆನ್ನುತ್ತಾರೆ. ಆ ತುತ್ತುಗಳನ್ನೂ ಅಳಿಸಬೇಕಂತೆ, ಮಧ್ಯಾಹ್ನದೊಳಗೆ ನನ್ನ ರುಜು ಬೇಕಂತೆ. ಇವತ್ತು ಬೆಳಗ್ಗೆ ಅಕ್ಕನ ಮುಂದೆ ಕೂತು ಕೇಳಿದೆ, ಈ ಅನ್ನ ಕಲಸುವುದು ನಿನಗೆ ಬೇಕೇನೇ ಎಂದು. ಬೇಡ ಬಿಡು ಎಂದಳು. ಮತ್ತೆ ಕೇಳಿದೆ. ನಿನಗ್ಯಾಕ ತ್ರಾಸ ಎಂದಳು. ಸಾಕ್ಷಿಯಾದ ಮೇಲೆ ಮೊದಲ ಬಾರಿ ಒಬ್ಬರನ್ನು ಮೂರನೆಯ ಸಲ ಕೇಳಿದೆ. ಅವಳು ತಟ್ಟೆಯನ್ನು ಎದೆಗೆ ಒತ್ತಿಕೊಂಡಳು. "ಬೇಕವಾ. ಯಾರ ಸಲುವಾಗಿ ಅಂತ ಗೊತ್ತಿಲ್ಲ, ಆದ್ರ ನನಗ ಬೇಕು" ಎಂದಳು.

ಕಡತದಲ್ಲಿ ಆನಿಕೆ ಇದೆ ಎಂದು ಬರೆದುಬಿಟ್ಟೆ. ಹಳೆಯ ಸೊನ್ನೆಯೂ ತಪ್ಪು ಎಂದು ಬರೆದೆ. ತುತ್ತುಗಳು ಉಳಿಯುತ್ತವೆ, ಅಳಿಸಿದ ಮಗು ಮಾತ್ರ ಹಿಂದಿರುಗುವುದಿಲ್ಲ. ತಪ್ಪು ರುಜು ಹಾಕಿದ್ದೆ ಎಂದು ಒಪ್ಪಿಕೊಂಡ ಸಾಕ್ಷಿಯನ್ನು ಕೆಲಸದಿಂದ ಬಿಡಿಸುತ್ತಾರೆ, ಬಿಡಿಸಿದಾಗ ಅವಳ ನೆನಪುಗಳನ್ನೂ ತೆಗೆಯುತ್ತಾರೆ. ಸಂಜೆಗೆ ನನ್ನ ಸರದಿ. ನಾಳೆ ಅಕ್ಕ ತಟ್ಟೆ ಹಿಡಿದು ನಿಂತಾಗ, ಯಾರಿಗೇ ಇದು ಎಂದು ನಾನೂ ಕೇಳುತ್ತೇನೆ.

ಅಳಿಸಿದ ಜಾಗದಲ್ಲೊಂದು ಸಂದು ಉಳಿಯುತ್ತದೆ. ಅದರಲ್ಲಿ ಒಂದೇ ಒಂದು ಕಾಗದ ಹಿಂದಿನ ಕಾಲಕ್ಕೆ ಜಾರುತ್ತದೆ. ಮಗುವಿನ ತೊಟ್ಟಿಲು ತೂಗಿದ್ದ ಮೂಲೆಯಲ್ಲಿ ಇದನ್ನು ಹಾಕುತ್ತಿದ್ದೇನೆ. ಪ್ರಮೇಯವನ್ನು ಹರಿದುಹಾಕಿ ಎನ್ನಲಾರೆ. ಮೂರನೆಯ ಸಾಲಿನಲ್ಲಿ "ಮೂರು ಸಲ" ಎಂದು ಸೇರಿಸಿ. ಅದೂ ಆಗದಿದ್ದರೆ, ಪಕ್ಕದ ಅಂಚಿನಲ್ಲಿ ಒಂದು ಹೆಸರು ಬರೆದಿಡಿ. ಅಕ್ಕ ಬಸುರಿಯಾಗಿದ್ದಾಗ ಆ ಹಣ್ಣನ್ನು ಬಿಟ್ಟು ಬೇರೇನನ್ನೂ ತಿನ್ನುತ್ತಿರಲಿಲ್ಲ, ಅದಕ್ಕೇ ಇಟ್ಟ ಹೆಸರು.

ನೇರಳೆ. ಅವಳ ಹೆಸರು ನೇರಳೆ. ಹಾಲನ್ನದ ಕೊನೆಯ ತುತ್ತನ್ನು ಅವಳು ಯಾವಾಗಲೂ ಅಕ್ಕನ ಬಾಯಿಗೇ ಇಡುತ್ತಿದ್ದಳು.

ಇಂತಿ,
ಸಂಜೆಯವರೆಗೆ ಸಾಕ್ಷಿಯಾಗಿರುವ
ನಿಂಬೆವ್ವ