ಗುಗ್ಗುಳದ ರೆಂಬೆ ಕದ್ದವಳ ಪರವಾಗಿ

ಬಂಜರು ಭೂಮಿಯ ಉದ್ಧಾರಕ್ಕೆಂದೇ ನೇಮಕಗೊಂಡಿರುವ ಮಾನ್ಯ ಅರಣ್ಯಾಧಿಕಾರಿಗಳೇ,

ನಮ್ಮೂರ ಗುಡ್ಡದ ಗುಗ್ಗುಳದ ಗಿಡಗಳನ್ನು ನೀವು ಬುಲ್ಡೋಜರಿನಿಂದ ಕೀಳಿಸಿದಿರಿ. ಕಿತ್ತು ಬಿದ್ದದ್ದನ್ನು ಉಳಿಸಹೋದ ನನ್ನ ಅಕ್ಕನ ಮೇಲೆ ಕಳ್ಳತನದ ಕೇಸು ಹಾಕಿದಿರಿ. ನನ್ನ ದೂರು ಇಷ್ಟೇ. ಕೆಲಸದ ಒತ್ತಡದಲ್ಲಿ ತಾವು ಮರೆತಿರಬಹುದೆಂದು ನಾಲ್ಕು ಜನರೆದುರು ನೆನಪಿಸುತ್ತಿದ್ದೇನೆ.

ಕೂಡ್ಲಿಗಿ ಸೀಮೆಯ ಕಲ್ಲುಗುಡ್ಡದಲ್ಲಿ ಬೆಳೆಯುವ ಗುಗ್ಗುಳ ಒಂದು ಮುಳ್ಳುಪೊದೆ. ವರ್ಷದ ಬಹುಪಾಲು ಎಲೆಯಿಲ್ಲದೆ ಸತ್ತಂತೆ ನಿಂತಿರುತ್ತದೆ. ಅದರ ಅಂಟನ್ನು ಕೆಂಡಕ್ಕೆ ಹಾಕಿ ಬಾಣಂತಿಯರಿಗೆ, ಕೂಸುಗಳಿಗೆ ಹೊಗೆ ಕೊಡುವುದು ನನ್ನಕ್ಕ ಗಾಳೆಮ್ಮ ಮಾಡಿಕೊಂಡು ಬಂದ ಕೆಲಸ. ಹೋದ ವರ್ಷ ನಿಮ್ಮ ಇಲಾಖೆಯವರೇ ಊರ ಶಾಲೆಯಲ್ಲಿ ಸಭೆ ಕರೆದು, ಈ ಗಿಡ ಅಪರೂಪವಾಗುತ್ತಿದೆ, ರೆಂಬೆ ನೆಟ್ಟರೂ ಚಿಗುರುತ್ತದೆ, ದಯವಿಟ್ಟು ಉಳಿಸಿಕೊಳ್ಳಿ ಎಂದು ಭಾಷಣ ಮಾಡಿದರು. ನಾವೆಲ್ಲ ಚಪ್ಪಾಳೆ ತಟ್ಟಿ ಎದ್ದುಬಂದೆವು. ಅಕ್ಕ ಮಾತ್ರ ಅದನ್ನು ನಂಬಿಬಿಟ್ಟಳು.

ಈ ವರ್ಷ ಮಳೆಗೆ ಮುಂಚೆ ಅದೇ ಗುಡ್ಡ ನಿಮ್ಮ ಕಡತದಲ್ಲಿ ಬಂಜರಾಯಿತು. ಎಲೆಯಿಲ್ಲದ್ದು ಗಿಡವೇ ಅಲ್ಲ ಎಂಬುದು ಯಾವ ಶಾಸ್ತ್ರ, ಸ್ವಾಮಿ? ನೀಲಗಿರಿ ನೆಡಲು ಪಡುವಣ ಇಳಿಜಾರನ್ನು ಕೆರೆದು ಬೋಳು ಮಾಡಿಸಿದಿರಿ. ಬೇರು ಮೇಲಾಗಿ ಬಿದ್ದ ಪೊದೆಗಳಿಂದ ಅಕ್ಕ ರೆಂಬೆ ಕಡಿದು, ಹಿತ್ತಲಲ್ಲಿ ನೆಡಲೆಂದು ಹೊರೆ ಹೊತ್ತು ಇಳಿಯುವಾಗ ನಿಮ್ಮ ಗಾರ್ಡು ತಡೆದ. ಸಂಜೆಯವರೆಗೆ ಕಚೇರಿಯ ವರಾಂಡದಲ್ಲಿ ಕೂರಿಸಿದ. ಸುದ್ದಿ ತಿಳಿದು ನಾನು ಕೊಟ್ಟೂರಿನ ಹೊಲಿಗೆ ಅಂಗಡಿಗೆ ಬೀಗ ಹಾಕಿ ಓಡಿಬಂದಾಗ ಹೊರೆ ಅಂಗಳದ ಬಿಸಿಲಲ್ಲಿ ಬಿದ್ದಿತ್ತು.

"ಸಾಹೇಬ್ರ, ನನಗೇನರ ಮಾಡ್ರಿ. ಅವನ್ನ ಒಂದೀಟು ಮಣ್ಣಾಗ ಊರ್ರಿ, ಒಣಗತಾವ," ಎಂದು ಅಕ್ಕ ಕೇಳಿಕೊಂಡಳು.

"ಅದು ಕೇಸಿನ ಮಾಲು ಕಣಮ್ಮ. ಯಾರೂ ಮುಟ್ಟೋ ಹಾಗಿಲ್ಲ," ಎಂದಿರಿ ತಾವು.

ಮುಚ್ಚಳಿಕೆ ಬರೆದುಕೊಟ್ಟು ಅವಳನ್ನು ಕರೆತಂದೆ. ಮನೆ ಬಾಗಿಲಲ್ಲಿ ನಿಂತು, "ತಮ್ಮಾ, ಶಾಲ್ಯಾಗ ಅವರು ಹೇಳಿದ್ದು ಸುಳ್ಳೇನು?" ಎಂದಳು. ಕೆಲ ದಿನಗಳ ಮೇಲೆ ಕೇಸು ವಿಚಾರಿಸಲು ಕಚೇರಿಗೆ ಬಂದರೆ ನಿಮ್ಮ ಜವಾನ ಅದೇ ಹೊರೆಯಿಂದ ಪುಳ್ಳೆ ಮುರಿದು ಚಹಾಕ್ಕೆ ಒಲೆ ಹೊತ್ತಿಸುತ್ತಿದ್ದ. ಮಾಲು ಬೂದಿಯಾಗಿದೆ. ಕೇಸು ಮಾತ್ರ ಹಸಿಹಸಿಯಾಗಿದೆ.

ಮೂಡಣ ಇಳಿಜಾರಿನಲ್ಲಿ ಇನ್ನೂ ಕೆಲವು ಪೊದೆಗಳು ಉಳಿದಿವೆ. ಅಲ್ಲಿಗೂ ಯಂತ್ರ ಬರಲಿದೆಯಂತೆ. ಆ ಆದೇಶವನ್ನು ರದ್ದು ಮಾಡಿ, ಅಕ್ಕನ ಮೇಲಿನ ಕೇಸನ್ನು ಹಿಂದಕ್ಕೆ ಪಡೆಯಿರಿ. ಇಲ್ಲವಾದರೆ ಯಂತ್ರದ ಮುಂದೆ ಕೂರುವುದಾಗಿ ಅಕ್ಕ ಹೇಳಿದ್ದಾಳೆ. ಅವಳ ಕೈಯಿಂದ ಹೊಗೆ ಹಾಕಿಸಿಕೊಂಡ ತಾಯಂದಿರೂ ಬರುತ್ತಾರೆ. ಪಕ್ಕದಲ್ಲಿ ನಾನಿರುತ್ತೇನೆ. ಈ ಸಲ ಕೇಸು ಬರೆಯಲು ಹಾಳೆ ಜಾಸ್ತಿ ತರಿಸಿಕೊಳ್ಳಿ.

ಇಂತಿ,
ತಮ್ಮ ಗುಮಾಸ್ತರಿಗೆ ತೊಂದರೆಯಾಗದಿರಲೆಂದು ಹೆಸರು, ಕಸುಬು, ಊರು ಬಿಡಿಸಿ ಬರೆದಿರುವ
ಹುಲುಗಣ್ಣ, ದರ್ಜಿ, ಕೊಟ್ಟೂರು
ಜೂನ್ ೧೯೯೮