ಜಾಣೆಗೆ ಇಪ್ಪತ್ತೈದು ಪರ್ಸೆಂಟ್

ಫೆಬ್ರುವರಿ 11, ಮಂಗಳವಾರ
ಇವತ್ತೂ ಮಾರಿದ್ದು ತಾರ್ಲೆ ಮೀನೇ. ಹನ್ನೊಂದಕ್ಕೆ ಬುಟ್ಟಿ ಖಾಲಿ. ಡೇ ಸೆಂಟರಿನಿಂದ ಧನ್ಯಶ್ರೀಯನ್ನು ಕರೆದುಕೊಂಡು ಮಾವಿನಕುರ್ವೆಗೆ ವಾಪಸ್. ನಾಳೆ ಮೆಡಿಕಲ್ ಬೋರ್ಡು. ಮಗಳಿಗೆ ಹದಿನೆಂಟು ತುಂಬಿತಲ್ಲ — ಬುದ್ಧಿಮಾಂದ್ಯದ ಹಳೆಯ ಕಾರ್ಡು ರದ್ದು, ಹೊಸ ಪರೀಕ್ಷೆ. ಹದಿನೆಂಟಾದ ಕೂಡಲೇ ಬುದ್ಧಿ ಬೆಳೆದುಬಿಡುತ್ತದೆ ಎಂದು ಸರ್ಕಾರದ ನಂಬಿಕೆ ಇರಬೇಕು. ಹಸಿರು ಚೂಡಿದಾರ್ ಇಸ್ತ್ರಿ ಮಾಡಿಟ್ಟೆ.

ಫೆಬ್ರುವರಿ 12
ಹದಿನೈದೇ ನಿಮಿಷ. ಡಾಕ್ಟರು ಚಿತ್ರದ ಕಾರ್ಡು ತೋರಿಸುತ್ತ ಹೋದರು. ಕೊಡೆ, ಗಡಿಯಾರ... ಸುಮ್ಮನೆ ಕೂತಳು. ಮೀನಿನ ಚಿತ್ರ ಬಂತು.
"ಇದು ಏನಮ್ಮ?"
"ಬಂಗಡೆ. ಕಣ್ಣು ಕೆಂಪು. ಹಳೇದು, ತಕಬೇಡಿ."
ಡಾಕ್ಟರು ಬಿದ್ದು ಬಿದ್ದು ನಕ್ಕರು. ಬೇರೆ ಮೀನು ಗೊತ್ತಾ ಎಂದರು. ನೊಗಲಿ, ಇಸೋಣ, ಮಡ್ಲೆ, ಶೆಟ್ಲಿ — ಬುಟ್ಟಿ ಪಕ್ಕ ಕೂರಿಸಿಕೊಂಡು ಹತ್ತು ವರ್ಷ ಕಲಿಸಿದ್ದೆಲ್ಲ ಸರಸರ ಬಂತು. "ಜಾಣೆ!" ಎಂದು ಏನೋ ಬರೆದುಕೊಂಡರು. ಹೆಮ್ಮೆಯಾಯಿತು. ಐಸ್‌ಕ್ರೀಮ್ ಕೊಡಿಸಿದೆ.

ಮಾರ್ಚ್ 19
ಬೋರ್ಡಿನ ಕಾಗದ ಬಂತು: ಅಂಗವೈಕಲ್ಯ ಇಪ್ಪತ್ತೈದು ಪರ್ಸೆಂಟ್. ಮೊದಲು ಎಪ್ಪತ್ತೈದು ಇತ್ತು. ನಲವತ್ತರ ಕೆಳಗೆ ಏನೂ ಇಲ್ಲ — ಪೆನ್ಶನ್ ಇಲ್ಲ, ಬಸ್ ಪಾಸ್ ಇಲ್ಲ, ಸೆಂಟರೂ ಇಲ್ಲ. ಆಫೀಸಿಗೆ ಓಡಿದೆ. ಕೇಸ್‌ವರ್ಕರ್ ವಿಘ್ನೇಶ್ವರ. ದೇವರು ವಿಘ್ನ ಕಳೆಯುತ್ತಾನೆ, ಇವನು ಒಡ್ಡುತ್ತಾನೆ.
"ಮಗಳು ಹುಶಾರಾದ್ರೆ ಖುಷಿ ಪಡುಕು ಅಕ್ಕ. ಅಳೂದು ಎಂತಕೆ?"
ಯಾರು ಕರೆದರೂ ಹಿಂದೆ ಹೋಗುತ್ತಾಳೆ. ತಿಂಗಳ ಬಟ್ಟೆ ಇವತ್ತಿಗೂ ನಾನೇ ಬದಲಿಸಬೇಕು. ಇದನ್ನು ಯಾವ ಕಾರ್ಡಿನ ಚಿತ್ರದಲ್ಲಿ ಕೇಳಿದರು?

ಮಾರ್ಚ್ 24
ಸೆಂಟರಿನ ದೀಪಾ ಟೀಚರ್ ಬಾಗಿಲಲ್ಲೇ ನಿಲ್ಲಿಸಿದಳು. "ಕಾರ್ಡ್ ಇಲ್ದೆ ಹಾಜರಿ ಹಾಕೂಕೆ ಬರೂದಿಲ್ಲ ಅಕ್ಕ, ಬೇಜಾರ ಮಾಡ್ಕಬೇಡ." ಗಂಡ ಬೋಟಿನಲ್ಲಿ, ಹತ್ತು ದಿನಕ್ಕೊಮ್ಮೆ ದಡ. ಧನ್ಯಶ್ರೀಯನ್ನು ಒಳಗೆ ಬಿಟ್ಟು, ಹೊರಗಿನಿಂದ ಚಿಲಕ ಹಾಕಿ ಮೀನು ಮಾರಲು ಹೋದೆ. ಬಂದಾಗ ಬಾಗಿಲು ಬಡಿದು ಬಡಿದು ಅವಳ ಕೈ ಬಾತಿತ್ತು.

ಹನ್ನೆರಡು ವರ್ಷದವಳಿದ್ದಾಗ ಒಮ್ಮೆ ಚಿಲಕ ಹಾಕಿರಲಿಲ್ಲ. ಯಾರದೋ ಬೈಕ್ ಹತ್ತಿ ಭಟ್ಕಳ ಮುಟ್ಟಿದ್ದಳು. ಅಂಥ ದಿನ ಇನ್ನೊಂದು ಬೇಡ.

ಏಪ್ರಿಲ್ 6
ಪಂಚಾಯತಿಯಲ್ಲಿ ಅಂಗವಿಕಲರ ಕೆಲಸ ನೋಡುವ ಲಿಂಗಪ್ಪ ಬಂದು ಅಪೀಲು ಬರೆದುಕೊಟ್ಟ. ಅವನದೂ ಒಂದು ಕಾಲು ಪೋಲಿಯೋ. ಹೊರಡುವಾಗ ದನಿ ತಗ್ಗಿಸಿದ.
"ಈ ಸಲ ಎಂತ ಕೇಳಿದ್ರೂ ಗೊತ್ತಿಲ್ಲ ಅನ್ಲಿ. ಬೋರ್ಡಿಗೆ ಹೋಪಾಗ ನಾನೂ ಇದ್ದದ್ಕಿಂತ ಹೆಚ್ಚು ಕುಂಟ್ತೆ."
ಮುಖಕ್ಕೆ ಉಗಿಯಬೇಕೆನಿಸಿತು. ಚಾ ಕೊಟ್ಟು ಕಳಿಸಿದೆ.

ಏಪ್ರಿಲ್ 15
ಶುರು ಮಾಡಿದೆ. ಬೇರೆ ದಾರಿ ಕಾಣಲಿಲ್ಲ.
"ಇದು ಎಂತ?"
"ಬಂಗಡೆ."
"ಅಲ್ಲ. ಗೊತ್ತಿಲ್ಲ ಅನ್ನು."
"ಬಂಗಡೆ ಅಮ್ಮ, ಬಂಗಡೆ!" ನನ್ನ ಗಲ್ಲ ಹಿಡಿದು ನಿಧಾನವಾಗಿ ಹೇಳಿಕೊಟ್ಟಳು. ಅಮ್ಮನಿಗೆ ಮೀನು ಮರೆತುಹೋಯಿತೆಂದು ಕನಿಕರ.

ಮೇ 2
ಕೈಗೆ ಹೊಡೆದೆ. ಹದಿನೆಂಟು ವರ್ಷದಲ್ಲಿ ಮೊದಲ ಸಲ. ಸರಿ ಉತ್ತರ ಕೊಟ್ಟದ್ದಕ್ಕೆ.

ಮೇ 20
ಈಗ ಗೊತ್ತಿಲ್ಲ ಎನ್ನುತ್ತಾಳೆ. ಹೇಳಿದಾಗಲೆಲ್ಲ ತಲೆ ನೇವರಿಸುತ್ತೇನೆ. ಇಂಥ ತಾಯಿ ಯಾರಿಗೂ ಬೇಡ.

ಜೂನ್ 17, ರಾತ್ರಿ
ಅಪೀಲಿನ ಬೋರ್ಡು. ಮೂವರು ಡಾಕ್ಟರು. ಕೊಡೆ? ಗೊತ್ತಿಲ್ಲ. ಮೀನು? — ತಡೆದಳು, ತುಟಿ ಅಲುಗಿತು. ಗೊತ್ತಿಲ್ಲ. ನಿನ್ನ ಹೆಸರು? ಗೊತ್ತಿಲ್ಲ.

ಲೇಡಿ ಡಾಕ್ಟರು ಪೆನ್ನು ಕೆಳಗಿಟ್ಟರು. ನನ್ನನ್ನು ತೋರಿಸಿ ಮೆತ್ತಗೆ ಕೇಳಿದರು — "ಇವರು ಯಾರು ಪುಟ್ಟಿ?"

ಇದನ್ನು ಕಲಿಸಿರಲಿಲ್ಲ. ಇದನ್ನೂ ಕೇಳುತ್ತಾರೆಂದು ಹೊಳೆದೇ ಇರಲಿಲ್ಲ. ಮಗಳು ನನ್ನ ಮುಖ ನೋಡಿದಳು. ಅಮ್ಮ ಎನ್ನಲಿ ಅಂತಿದ್ದೆನೋ, ಬೇಡ ಅಂತಿದ್ದೆನೋ...

"ಗೊತ್ತಿಲ್ಲ."

ಹೇಳಿ, ತಲೆ ಮುಂದೆ ಚಾಚಿದಳು. ನೇವರಿಸಿದೆ. ಡಾಕ್ಟರು ಬರೆದುಕೊಂಡರು.

ಜುಲೈ 29
ಎಪ್ಪತ್ತೈದು. ಪರ್ಮನೆಂಟ್. ಸೋಮವಾರದಿಂದ ಸೆಂಟರಿಗೆ ಕಳಿಸಬಹುದು. ವಿಘ್ನೇಶ್ವರ ಹಲ್ಲು ಕಿರಿದ — "ಆತಲ್ಲ ಅಕ್ಕ, ಇನ್ನೆಂತ?"

ಮನೆಗೆ ಬಂದು ಶೆಟ್ಲಿಯ ಸಿಪ್ಪೆ ಸುಲಿಯುತ್ತ ಕೂತಿದ್ದೆ. ಒಂದನ್ನು ಎತ್ತಿ ತೋರಿಸಿದೆ. ಗೊತ್ತಿಲ್ಲ. ಇನ್ನು ಹೇಳಬಹುದು ಧನ್ಯಾ, ಬೋರ್ಡು ಮುಗಿಯಿತು ಎಂದೆ. ಗೊತ್ತಿಲ್ಲ. ಸಿಟ್ಟು ಬಂದು ಕೈ ಎತ್ತಿದೆ. ಕೈ ಕಂಡದ್ದೇ ಗೋಡೆಗೆ ಸರಿದು, ಇನ್ನೂ ಬೇಗ ಬೇಗ — ಗೊತ್ತಿಲ್ಲ, ಗೊತ್ತಿಲ್ಲ, ಗೊತ್ತಿಲ್ಲ.

ಕೈ ಇಳಿಸಿದೆ. ಶೆಟ್ಲಿ ಬೇಡ, ಬಂಗಡೆಯೂ ಬೇಡ, ನನ್ನ ಹೆಸರೊಂದು ಹೇಳು ಎಂದೆ. ಅಮ್ಮ ಅನ್ನು. ಒಂದೇ ಸಲ. ಅವಳು ಗೊತ್ತಿಲ್ಲ ಎಂದು, ನೇವರಿಸಲಿ ಎಂದು ತಲೆ ಮುಂದೆ ಚಾಚಿದಳು.