ಎರಡನೇ ಕುರ್ಚಿಯ ಬಾಡಿಗೆ

ಪಾಸ್ಕಾಲಿ,

ಒಂದು ವಿಳಾಸ ಕೊಟ್ಟು ಹೋಗಿದ್ದರೆ ನಿನ್ನ ಗಂಟೇನು ಹೋಗುತ್ತಿತ್ತು? ಇದನ್ನು ಎಲ್ಲಿಗೆಂದು ಕಳಿಸಲಿ?

ನಮ್ಮ ಕ್ಷೌರದಂಗಡಿಗೆ ನಾವಿಬ್ಬರೂ ಸಹಿ ಹಾಕಿದ್ದ ಕರಾರು ಹೋದ ಚಳಿಗಾಲದಲ್ಲೇ ಮುಗಿಯಿತು. ನಾನು ಅಂಗಡಿ ಬಿಡಲಿಲ್ಲ. ಮಾಲೀಕಳು ಫೋಟಿನಿಯಮ್ಮ ಕೋರ್ಟಿಗೆ ಹೋದಳು. ಕರಾರಿಲ್ಲದೆ ಕೂತ ತಿಂಗಳುಗಳಿಗೆ ಹಳೇ ಬಾಡಿಗೆ ನಡೆಯುವುದಿಲ್ಲವಂತೆ. ಕವಾಲಾದ ಈ ಬಂದರು ಬೀದಿಯಲ್ಲಿ ಇವತ್ತು ಯಾವ ದರವಿದೆಯೋ ಅದನ್ನೇ ಕೊಡಬೇಕಂತೆ. ಅದನ್ನು ಗೊತ್ತುಮಾಡಲು ಕೋರ್ಟು ಕಳಿಸಿದ ಎಂಜಿನಿಯರ್ ಇಂದು ಟೇಪು ಹಿಡಿದು ಬಂದಿದ್ದ; ಜೊತೆಗೆ ಫೋಟಿನಿಯಮ್ಮನೂ ಬಂದಿದ್ದಳು.

ಅಳೆದು ಮುಗಿಸಿ, ಬಟ್ಟೆ ಹೊದಿಸಿದ್ದ ನಿನ್ನ ಕುರ್ಚಿಯ ಮುಂದೆ ನಿಂತ. "ಕೆಲಸ ನಡೀತಿರೋದು ಒಂದೇ ಕುರ್ಚೀಲಿ ತಾನೇ? ಈ ಕಡೆ ಅರ್ಧ ಅಂಗಡಿ ಅಮ್ಮನೋರಿಗೆ ಬಿಟ್ಕೊಡಿ, ಬಾಡಿಗೇನೂ ಅರ್ಧ ಆಗುತ್ತೆ."

ಫೋಟಿನಿಯಮ್ಮನಿಗೂ ಕನಿಕರ ಬಂತು. "ಒಪ್ಕೊಳ್ಳೋ ಅನೆಸ್ತಿ. ನಡುವೆ ಗೋಡೆ ನಾನೇ ಹಾಕಿಸ್ತೀನಿ. ಹಡಗು ಹತ್ತಿ ಹೋದೋನು ಮತ್ತೆ ಕತ್ತರಿ ಹಿಡಿಯೋಕೆ ಬರ್ತಾನೇನೋ?"

ನಾನು ಬಟ್ಟೆ ಎಳೆದು, ನಿನ್ನ ಕುರ್ಚಿಯ ಧೂಳು ಒರೆಸಿದೆ.

"ಎರಡು ಕುರ್ಚಿ ಅಂತ್ಲೇ ಬರ್ಕೊಳ್ಳಿ ಸ್ವಾಮಿ," ಅಂದೆ. "ಅವನು ಕಾಫಿ ಕುಡಿಯೋಕೆ ಹೋಗಿದಾನೆ."